ಪರೋಕ್ಷ ಮತದಾನವೂ ಅಂತಃಸಾಕ್ಷಿಯೂ

ತನಗೆ ಸೇರಿದ ವಸ್ತುವನ್ನು ಒಬ್ಬನು ಮತ್ತೊಬ್ಬನ ಕೈಯಲ್ಲಿ ಇರಿಸಿ ಹೋದರೆ ಅದರ ಒಡೆತನ ಯಾರದು ಎಂಬ ಪ್ರಶ್ನೆಗೆ ಧರ್ಮದಲ್ಲಿಯೂ ಲೋಕನ್ಯಾಯದಲ್ಲಿಯೂ ಉತ್ತರ ಒಂದೇ: ಇರಿಸಿದವನದು. ಇರಿಸಿಕೊಂಡವನು ಅದನ್ನು ಕಾಯಬಹುದೇ ಹೊರತು ತನ್ನದೆಂದು ಅನುಭವಿಸಲಾಗದು. ಇದಕ್ಕೆ ನ್ಯಾಸವೆಂದು ಹೆಸರು. ಹೊನ್ನು, ಧಾನ್ಯ, ಕಾಗದಪತ್ರಗಳ ವಿಷಯದಲ್ಲಿ ಈ ನಿಯಮವನ್ನು ಎಲ್ಲರೂ ಒಪ್ಪುತ್ತಾರೆ. ಆದರೆ ಒಪ್ಪಿಸಿದ ವಸ್ತುವು ದೇಶದ ಅತ್ಯುನ್ನತ ಸ್ಥಾನಕ್ಕೆ ತಕ್ಕವರನ್ನು ಆರಿಸುವ ಹಕ್ಕೇ ಆಗಿದ್ದರೆ? ಆ ಹಕ್ಕನ್ನು ಹಿಡಿದವನು ತನ್ನ ಬುದ್ಧಿಗೆ ತೋರಿದಂತೆ ನಡೆಯಬೇಕೋ, ಕೊಟ್ಟವರ ಇಚ್ಛೆಯಂತೆ ನಡೆಯಬೇಕೋ, ತನ್ನನ್ನು ಕಣಕ್ಕಿಳಿಸಿದ ಪಕ್ಷದ ಮಾತಿನಂತೆ ನಡೆಯಬೇಕೋ? ಭಾರತದ ರಾಷ್ಟ್ರಪತಿಯವರ ಚುನಾವಣೆಯ ಕ್ರಮವನ್ನು ಪರಿಶೀಲಿಸುವಾಗ ಈ ನೈತಿಕ ಪ್ರಶ್ನೆಯು ನಮ್ಮೆದುರು ನಿಲ್ಲುತ್ತದೆ.

ಸುಳ್ಯದ ಕಡೆಯ ಅಡಿಕೆ ಕೃಷಿಕರೊಬ್ಬರು ಕೇಳಿದ ಮಾತೇ ಈ ಲೇಖನಕ್ಕೆ ಕಾರಣ. "ಸ್ವಾಮೀಜಿ, ಪಂಚಾಯತಿಗೆ ವೋಟು ಹಾಕುತ್ತೇವೆ, ವಿಧಾನಸಭೆಗೆ ಹಾಕುತ್ತೇವೆ, ಲೋಕಸಭೆಗೂ ಹಾಕುತ್ತೇವೆ. ರಾಷ್ಟ್ರಪತಿಗೆ ಮಾತ್ರ ನಮ್ಮ ವೋಟಿಲ್ಲ. ಹಾಗಿರುವಾಗ ಅವರು ನಮ್ಮ ರಾಷ್ಟ್ರಪತಿ ಆಗುವುದು ಹೇಗೆ?" ಎಂದು ಅವರು ಕೇಳಿದರು. ಇದು ಉಪೇಕ್ಷಿಸತಕ್ಕ ಪ್ರಶ್ನೆಯಲ್ಲ. ಆದುದರಿಂದ ಆ ಸೀಮೆಯನ್ನೇ ದೃಷ್ಟಾಂತವಾಗಿಟ್ಟುಕೊಂಡು ವಿಚಾರಿಸೋಣ.

ಸಂವಿಧಾನದ ೫೪ನೆಯ ವಿಧಿಯಂತೆ ರಾಷ್ಟ್ರಪತಿಯವರನ್ನು ಆರಿಸುವವರು ಸಂಸತ್ತಿನ ಉಭಯ ಸದನಗಳ ಚುನಾಯಿತ ಸದಸ್ಯರು ಹಾಗೂ ವಿಧಾನಸಭೆಗಳ ಚುನಾಯಿತ ಸದಸ್ಯರು. ನಾಮಕರಣಗೊಂಡ ಸದಸ್ಯರು ಎಷ್ಟೇ ವಿದ್ವಾಂಸರಾಗಿರಲಿ, ಅವರಿಗೆ ಇಲ್ಲಿ ಮತವಿಲ್ಲ. ಜನರಿಂದ ಏನನ್ನೂ ಪಡೆಯದವರು ಜನರ ಹೆಸರಿನಲ್ಲಿ ಏನನ್ನೂ ದಾಟಿಸಲಾರರೆಂಬುದೇ ಇದರ ತಾತ್ಪರ್ಯವೆಂದು ತಿಳಿಯಬಹುದು. ಪುತ್ತೂರು ಕ್ಷೇತ್ರದಿಂದ ಒಬ್ಬರು, ಸುಳ್ಯ ಕ್ಷೇತ್ರದಿಂದ ಒಬ್ಬರು ವಿಧಾನಸಭೆಯಲ್ಲಿ ಕುಳಿತಿರುತ್ತಾರೆ. ಕಡಬವು ಈಗ ಪ್ರತ್ಯೇಕ ತಾಲ್ಲೂಕಾಗಿದ್ದರೂ ಅದಕ್ಕೆಂದು ಬೇರೆ ವಿಧಾನಸಭಾ ಕ್ಷೇತ್ರವಿಲ್ಲ. ಕಡಬ ಪೇಟೆಯ ಮತದಾರರು ಸುಳ್ಯ ಕ್ಷೇತ್ರಕ್ಕೆ ಸೇರಿದವರು.

ಈ ಇಬ್ಬರು ಶಾಸಕರು ಹಾಕುವ ಒಂದೊಂದು ಮತಕ್ಕೂ ೧೩೧ರ ಮೌಲ್ಯವುಂಟು. ಅದನ್ನು ಕಂಡುಕೊಳ್ಳುವ ಬಗೆ ಹೀಗಿದೆ. ೧೯೭೧ರ ಜನಗಣತಿಯಂತೆ ನಮ್ಮ ರಾಜ್ಯದ ಜನಸಂಖ್ಯೆ ೨,೯೨,೯೯,೦೧೪. ಅದನ್ನು ವಿಧಾನಸಭೆಯ ೨೨೪ ಸ್ಥಾನಗಳಿಂದ ಭಾಗಿಸಿದರೆ ಒಬ್ಬ ಶಾಸಕನ ಪಾಲಿಗೆ ೧,೩೦,೭೯೯ ಜನ ಬರುತ್ತಾರೆ. ಸಾವಿರ ಜನಕ್ಕೆ ಒಂದು ಮತದಂತೆ ೧೩೦; ಉಳಿದ ಶೇಷ ಐನೂರಕ್ಕಿಂತ ಹೆಚ್ಚಾದುದರಿಂದ ಇನ್ನೊಂದು ಕೂಡಿ ೧೩೧. ಗಡಿಯಾಚೆಯ ಮಂಜೇಶ್ವರದ ಶಾಸಕರು ಕೇರಳ ವಿಧಾನಸಭೆಯವರಾದುದರಿಂದ ಅವರ ಮತದ ಮೌಲ್ಯ ೧೫೨. ಉತ್ತರ ಪ್ರದೇಶದ ಶಾಸಕನದು ೨೦೮, ಸಿಕ್ಕಿಮಿನದು ೭. ಎಲ್ಲ ರಾಜ್ಯಗಳ ಶಾಸಕರ ಒಟ್ಟು ಮೌಲ್ಯವನ್ನು ಸಂಸತ್ತಿನ ಚುನಾಯಿತ ಸದಸ್ಯರ ಸಂಖ್ಯೆಯಿಂದ ಭಾಗಿಸಿ ಸಂಸದರ ಮತದ ಮೌಲ್ಯವನ್ನು ಗೊತ್ತುಪಡಿಸುತ್ತಾರೆ. ೨೦೨೨ರ ಚುನಾವಣೆಯಲ್ಲಿ ಅದು ೭೦೦ ಆಗಿತ್ತು. ಹೀಗೆ ರಾಜ್ಯಗಳೆಲ್ಲ ಒಂದು ತಟ್ಟೆಯಲ್ಲಿ, ಸಂಸತ್ತು ಇನ್ನೊಂದು ತಟ್ಟೆಯಲ್ಲಿ ನಿಂತು ತಕ್ಕಡಿಯು ಸಮತೂಕದಲ್ಲಿರುತ್ತದೆ.

ಅರ್ಧ ಶತಮಾನದ ಹಿಂದಿನ ಜನಗಣತಿಯನ್ನು ಇಂದಿಗೂ ಹಿಡಿದಿರುವುದೇಕೆ ಎಂದು ಕೇಳಬಹುದು. ಜನಸಂಖ್ಯೆಯನ್ನು ಹತೋಟಿಗೆ ತಂದ ರಾಜ್ಯಗಳು ಆ ಕಾರಣಕ್ಕಾಗಿಯೇ ತೂಕ ಕಳೆದುಕೊಳ್ಳಬಾರದೆಂದು ೧೯೭೬ರ ೪೨ನೆಯ ತಿದ್ದುಪಡಿಯು ೧೯೭೧ರ ಅಂಕಿಯನ್ನು ಸ್ಥಿರಗೊಳಿಸಿತು. ೨೦೦೧ರ ೮೪ನೆಯ ತಿದ್ದುಪಡಿಯು ೨೦೨೬ರ ಬಳಿಕ ನಡೆಯುವ ಮೊದಲ ಜನಗಣತಿಯವರೆಗೆ ಅದನ್ನು ಮುಂದುವರಿಸಿತು.

ಈ ಗಣಿತದಲ್ಲಿ ಅಡಗಿರುವ ಒಂದು ನೀತಿಯನ್ನು ನಾವು ಗಮನಿಸಬೇಕು. ಶಾಸಕನು ಎಷ್ಟು ಮತಗಳ ಅಂತರದಿಂದ ಗೆದ್ದನೆಂಬುದಕ್ಕೂ ಈ ೧೩೧ಕ್ಕೂ ಯಾವ ಸಂಬಂಧವೂ ಇಲ್ಲ. ಎಣಿಕೆಗೆ ಬಂದವರು ಮತದಾರರೂ ಅಲ್ಲ, ಜನ. ಅವನಿಗೆ ಮತ ಹಾಕಿದವರು, ಅವನ ವಿರುದ್ಧ ಹಾಕಿದವರು, ಮತಗಟ್ಟೆಗೇ ಹೋಗದವರು, ತೊಟ್ಟಿಲಲ್ಲಿದ್ದ ಕೂಸುಗಳು, ಎಲ್ಲರೂ ಆ ಲೆಕ್ಕದಲ್ಲಿ ಸೇರಿದ್ದಾರೆ. ಒಂದು ಮತದ ಅಂತರದಿಂದ ಗೆದ್ದವನ ಮೌಲ್ಯವೂ ೧೩೧, ಐವತ್ತು ಸಾವಿರದ ಅಂತರದಿಂದ ಗೆದ್ದವನದೂ ೧೩೧. ಹಾಗಾದರೆ ಆ ತೂಕವು ಶಾಸಕನ ಸ್ವಂತ ಸಂಪಾದನೆಯೂ ಆಗಲಾರದು, ಅವನ ಪಕ್ಷದ ಆಸ್ತಿಯೂ ಆಗಲಾರದು. ತನ್ನನ್ನು ಸೋಲಿಸಲು ಶ್ರಮಿಸಿದವನ ಪಾಲನ್ನೂ ಅವನು ಹೊತ್ತು ನಡೆಯುತ್ತಿದ್ದಾನೆ. ಸುಳ್ಯದ ಆ ಕೃಷಿಕರ ಪ್ರಶ್ನೆಗೆ ಮೊದಲ ಉತ್ತರ ಇದು: ನಿಮ್ಮ ಮತ ಅಲ್ಲಿ ಇಲ್ಲದಿಲ್ಲ, ಮತ್ತೊಬ್ಬರ ಕೈಯಲ್ಲಿದೆ. ೨೦೨೩ರ ಮೇ ೧೦ರಂದು ಪುತ್ತೂರು, ಸುಳ್ಯಗಳಲ್ಲಿ ಸರದಿಯ ಸಾಲಿನಲ್ಲಿ ನಿಂತು ಮತ ನೀಡಿದವರು ಒಬ್ಬ ಶಾಸಕನನ್ನು ಆರಿಸುವುದರ ಜೊತೆಗೆ, ಆ ವಿಧಾನಸಭೆಯ ಅವಧಿಯಲ್ಲಿ ರಾಷ್ಟ್ರಪತಿಯವರ ಚುನಾವಣೆ ಬಂದರೆ ತಮ್ಮ ಪರವಾಗಿ ಯಾರು ಮತ ನೀಡಬೇಕೆಂಬುದನ್ನೂ ನಿರ್ಧರಿಸಿದರು. ಹಾಗೆಂದು ತಿಳಿದು ನಿಂತವರು ಎಷ್ಟು ಜನ ಎಂಬುದು ಬೇರೆ ಮಾತು.

ಯಾರೂ ಯಾರನ್ನೂ ಕೇಳದಿದ್ದ ಕಾಲವನ್ನು ಇದೇ ಸೀಮೆ ಕಂಡಿದೆ. ಅಮರ-ಸುಳ್ಯದ ಪ್ರದೇಶವು ವೀರಶೈವ ಮತಾನುಯಾಯಿಗಳಾದ ಹಾಲೇರಿ ಅರಸರ ಕೊಡಗಿಗೆ ಸೇರಿತ್ತು. ೧೮೩೪ರಲ್ಲಿ ಈಸ್ಟ್ ಇಂಡಿಯಾ ಕಂಪನಿಯು ಕೊಡಗನ್ನು ವಶಪಡಿಸಿಕೊಂಡು ಈ ಭಾಗವನ್ನು ಕನ್ನಡ ಜಿಲ್ಲೆಗೆ ಸೇರಿಸಿತು. ನೀವು ಯಾರ ಆಳ್ವಿಕೆಯಲ್ಲಿರಲು ಬಯಸುವಿರಿ ಎಂದು ಒಬ್ಬ ರೈತನನ್ನೂ ಕೇಳಿದವರಿರಲಿಲ್ಲ. ಧಾನ್ಯರೂಪದಲ್ಲಿ ಸಲ್ಲುತ್ತಿದ್ದ ಕಂದಾಯವನ್ನು ನಗದಾಗಿ ಕೊಡಬೇಕೆಂಬ ಕಟ್ಟಳೆ ಬಂದಾಗ ಸಹನೆ ಮುಗಿಯಿತು. ೧೮೩೭ರಲ್ಲಿ ಕೆದಂಬಾಡಿ ರಾಮಯ್ಯಗೌಡರೇ ಮೊದಲಾದವರ ಮುಂದಾಳುತನದಲ್ಲಿ ಸುಳ್ಯದಿಂದ ಹೊರಟ ರೈತದಂಡು ಪುತ್ತೂರನ್ನು ಹಾದು ಮಂಗಳೂರನ್ನು ಮುಟ್ಟಿತು. ಬಾವುಟಗುಡ್ಡೆಯಲ್ಲಿ ತನ್ನ ಧ್ವಜವನ್ನು ಹಾರಿಸಿತು. ಹದಿಮೂರು ದಿನಗಳ ಬಳಿಕ ಕಂಪನಿಯ ಸೈನ್ಯ ಅದನ್ನು ಅಡಗಿಸಿತು. ಮುಂದಾಳುಗಳಲ್ಲಿ ಹಲವರು ನೇಣಿಗೇರಿದರು. ಅವರ ಮೊಮ್ಮಕ್ಕಳ ಮಕ್ಕಳಿಗೆ ಇಂದು ೧೩೧ರ ಲೆಕ್ಕದಲ್ಲಿ ಸ್ಥಾನವುಂಟು. ಪರೋಕ್ಷವಾದುದೆಂದು ಅದನ್ನು ಹಗುರವಾಗಿ ಕಾಣಲಾಗದು.

ಆದರೂ ನೇರವಾಗಿಯೇ ಆರಿಸಬಾರದೇಕೆ? ಸಂವಿಧಾನ ರಚನಾಸಭೆಯಲ್ಲಿ ಪ್ರೊಫೆಸರ್ ಕೆ. ಟಿ. ಷಾ ಅವರು ವಯಸ್ಕ ಮತದಾನದಿಂದಲೇ ರಾಷ್ಟ್ರಪತಿಯವರನ್ನು ಆರಿಸಬೇಕೆಂದು ವಾದಿಸಿದ್ದರು. ಜವಾಹರಲಾಲ್ ನೆಹರೂ ಅವರು ಕೊಟ್ಟ ಸಮಾಧಾನದ ಸಾರ ಇಷ್ಟು: ನಮ್ಮದು ಮಂತ್ರಿಮಂಡಲದ ಆಡಳಿತ, ಅಧಿಕಾರವು ಮಂತ್ರಿಮಂಡಲದಲ್ಲಿ, ವಿಧಾನ ಮಂಡಲದಲ್ಲಿ ಇರತಕ್ಕದ್ದು. ಇಡೀ ದೇಶದ ಮತದಾರರಿಂದ ಆರಿಸಿ ತಂದು, ಅವರ ಕೈಗೆ ನಿಜವಾದ ಅಧಿಕಾರವನ್ನು ಕೊಡದಿರುವುದು ಅಸಂಗತ. ಕೋಟ್ಯಂತರ ಜನ ನೇರವಾಗಿ ಆರಿಸಿದ ವ್ಯಕ್ತಿಯು ಪ್ರಧಾನಮಂತ್ರಿಯವರಿಗೆ ಪ್ರತಿಯಾಗಿ ನಿಂತರೆ ರಾಜ್ಯಕ್ಕೆ ಎರಡು ತಲೆಗಳಾಗುತ್ತವೆ.

ಶರಣ ಪರಂಪರೆಯನ್ನು ಬಲ್ಲವರಿಗೆ ಈ ವಿಚಾರ ಅಪರಿಚಿತವಲ್ಲ. ಅನುಭವಮಂಟಪದಲ್ಲಿ ಅಲ್ಲಮಪ್ರಭುಗಳು ಏರಿದ ಪೀಠಕ್ಕೆ ಶೂನ್ಯಸಿಂಹಾಸನವೆಂದು ಹೆಸರು. ಅದರ ಮೇಲೆ ಕುಳಿತವರಿಗೆ ಆಳಬೇಕಾದ ರಾಜ್ಯವಿಲ್ಲ, ಕೂಡಿಡಬೇಕಾದ ಭಂಡಾರವಿಲ್ಲ. 'ನಾನು' ಎಂಬುದನ್ನು ಬರಿದು ಮಾಡಿಕೊಂಡವರಿಗಷ್ಟೇ ಅದು ಸಲ್ಲುತ್ತದೆ. ರಾಷ್ಟ್ರಪತಿ ಪದವಿಯು ಲೌಕಿಕವಾದುದು, ಎರಡನ್ನೂ ಸಮೀಕರಿಸಲಾಗದು. ಆದರೂ ಸ್ವಂತ ಇಚ್ಛೆಯನ್ನು ಹಿಂದಿರಿಸಿ ಕುಳಿತುಕೊಳ್ಳಬೇಕಾದ ಪೀಠಕ್ಕೆ, ಸ್ವಂತ ಇಚ್ಛೆಯನ್ನು ಹಿಂದಿರಿಸಿದವರೇ ಆರಿಸಬೇಕೆಂಬುದು ಯುಕ್ತವಲ್ಲವೆ?

ತೊಡಕು ಇರುವುದು ಇಲ್ಲಿಯೇ. ಈ ಮತದಾನ ರಹಸ್ಯವಾದುದು. ಪಕ್ಷಗಳು ಇಲ್ಲಿ ವಿಪ್ ಜಾರಿ ಮಾಡುವಂತಿಲ್ಲ. ರಾಜ್ಯಸಭೆಯ ಚುನಾವಣೆಯಲ್ಲಿ ೨೦೦೩ರ ತಿದ್ದುಪಡಿಯ ಬಳಿಕ ಶಾಸಕನು ಮತಪತ್ರವನ್ನು ತನ್ನ ಪಕ್ಷದ ಪ್ರತಿನಿಧಿಗೆ ತೋರಿಸಿ ಹಾಕಬೇಕು. ರಾಷ್ಟ್ರಪತಿಯವರ ಚುನಾವಣೆಯಲ್ಲಿ ಯಾರಿಗೂ ತೋರಿಸುವಂತಿಲ್ಲ. ಅಮೆರಿಕದಲ್ಲಿಯೂ ಅಧ್ಯಕ್ಷರನ್ನು ವಿಧಿವತ್ತಾಗಿ ಆರಿಸುವವರು ಮತದಾರರ ಪರವಾದ ಚುನಾಯಕರೇ. ಆದರೆ ಜನರ ತೀರ್ಪಿಗೆ ವಿರುದ್ಧವಾಗಿ ಮತ ಹಾಕುವ ಚುನಾಯಕರನ್ನು ರಾಜ್ಯಗಳು ಶಿಕ್ಷಿಸಬಹುದೆಂದು ಅಲ್ಲಿನ ಸರ್ವೋಚ್ಚ ನ್ಯಾಯಾಲಯ ೨೦೨೦ರಲ್ಲಿ ಹೇಳಿತು. ಅಲ್ಲಿ ಅವನು ಓಲೆಕಾರ. ಓಲೆಯನ್ನು ಮುಟ್ಟಿಸಿದರೆ ಮುಗಿಯಿತು. ನಮ್ಮಲ್ಲಿ ಹಾಗಿಲ್ಲ. ಪುತ್ತೂರಿನ ಶಾಸಕರು ತಮ್ಮ ಪಾಲಿನ ೧೩೧ನ್ನು ಯಾರಿಗೆ ಸಲ್ಲಿಸಿದರೆಂಬುದನ್ನು ಪುತ್ತೂರಿನವರು ಎಂದೆಂದಿಗೂ ಅರಿಯಲಾರರು. ಕೊಟ್ಟವನಿಗೆ ಲೆಕ್ಕ ಕಾಣಿಸದ ನ್ಯಾಸವಿದು. ಹಾಗಾದರೆ ಅದನ್ನು ಕಾಯುವವರು ಯಾರು? ಅಂತಃಸಾಕ್ಷಿಯೊಂದೇ ಎಂಬುದು ರೂಢಿಯ ಉತ್ತರ. ಆ ಉತ್ತರವನ್ನು ಒರೆಗೆ ಹಚ್ಚಿದ ಸಂದರ್ಭವೊಂದು ನಮ್ಮ ನಾಡಿನಲ್ಲಿಯೇ ಆರಂಭವಾಯಿತು.

೧೯೬೯ರ ಜುಲೈ ತಿಂಗಳಲ್ಲಿ ಬೆಂಗಳೂರಿನಲ್ಲಿ ಕಾಂಗ್ರೆಸ್ಸಿನ ಅಧಿವೇಶನ ಸೇರಿದಾಗ ಅದರ ಪಾರ್ಲಿಮೆಂಟರಿ ಮಂಡಳಿಯು ನೀಲಂ ಸಂಜೀವರೆಡ್ಡಿಯವರನ್ನು ರಾಷ್ಟ್ರಪತಿ ಸ್ಥಾನಕ್ಕೆ ಅಭ್ಯರ್ಥಿಯೆಂದು ಆರಿಸಿತು. ಪಕ್ಷದ ಅಧ್ಯಕ್ಷರು ನಮ್ಮವರೇ ಆದ ಎಸ್. ನಿಜಲಿಂಗಪ್ಪನವರು. ಪ್ರಧಾನಿ ಇಂದಿರಾ ಗಾಂಧಿಯವರೂ ರೆಡ್ಡಿಯವರ ನಾಮಪತ್ರಕ್ಕೆ ಸಹಿ ಮಾಡಿದ್ದರು. ಹಿಂದೆ ಮೈಸೂರು ರಾಜ್ಯದ ರಾಜ್ಯಪಾಲರಾಗಿದ್ದ ವಿ. ವಿ. ಗಿರಿಯವರು ಸ್ವತಂತ್ರರಾಗಿ ನಿಂತರು. ನಿಜಲಿಂಗಪ್ಪನವರು ಜನಸಂಘ ಮತ್ತು ಸ್ವತಂತ್ರ ಪಕ್ಷಗಳ ನಾಯಕರನ್ನು ಕಂಡು ಎರಡನೆಯ ಪ್ರಾಶಸ್ತ್ಯದ ಮತಗಳನ್ನು ರೆಡ್ಡಿಯವರಿಗೆ ಕೊಡಬೇಕೆಂದು ಕೋರಿದರು. ಇಂದಿರಾ ಗಾಂಧಿಯವರು ಅಂತಃಸಾಕ್ಷಿಯಂತೆ ಮತ ಹಾಕಬೇಕೆಂದು ಸದಸ್ಯರಿಗೆ ಕರೆಕೊಟ್ಟರು. ಆಗಸ್ಟ್ ೧೬ರಂದು ಮತದಾನವಾಯಿತು. ಮೊದಲ ಪ್ರಾಶಸ್ತ್ಯದಲ್ಲಿ ಗಿರಿಯವರಿಗೆ ೪,೦೧,೫೧೫, ರೆಡ್ಡಿಯವರಿಗೆ ೩,೧೩,೫೪೮, ಸಿ. ಡಿ. ದೇಶಮುಖರಿಗೆ ೧,೧೨,೭೬೯ ಮೌಲ್ಯದ ಮತಗಳು ಬಂದವು. ಗೆಲುವಿಗೆ ಬೇಕಾದ ಅರ್ಧಕ್ಕಿಂತ ಹೆಚ್ಚಿನ ಮತ, ಅಂದರೆ ೪,೧೮,೧೬೯, ಯಾರಿಗೂ ದೊರೆಯಲಿಲ್ಲ. ಕಡಮೆ ಮತ ಪಡೆದವರನ್ನು ಒಬ್ಬೊಬ್ಬರಾಗಿ ಕೈಬಿಟ್ಟು, ಅವರ ಮತಪತ್ರಗಳಲ್ಲಿದ್ದ ಮುಂದಿನ ಪ್ರಾಶಸ್ತ್ಯಗಳನ್ನು ಹಂಚಿದ ಮೇಲೆ ಗಿರಿಯವರಿಗೆ ೪,೨೦,೦೭೭, ರೆಡ್ಡಿಯವರಿಗೆ ೪,೦೫,೪೨೭ ಆಯಿತು. ಗಿರಿಯವರು ರಾಷ್ಟ್ರಪತಿಗಳಾದರು. ಅದೇ ವರ್ಷ ಕಾಂಗ್ರೆಸ್ಸು ಎರಡಾಗಿ ಒಡೆಯಿತು.

ಅಂದು ಯಾರು ಸರಿ, ಯಾರು ತಪ್ಪು ಎಂದು ತೀರ್ಪು ಕೊಡುವುದು ನಮ್ಮ ಕಾರ್ಯವಲ್ಲ. ಆದರೆ ಅಂತಃಸಾಕ್ಷಿಯೆಂಬ ಪವಿತ್ರ ಶಬ್ದವು ಅಂದು ಪಕ್ಷದೊಳಗಿನ ಮೇಲಾಟದ ಸಾಧನವೂ ಆಯಿತೆಂಬುದನ್ನು ಅಲ್ಲಗಳೆಯಲಾಗದು. ಒಬ್ಬನು ಮನಸ್ಸಾರೆ ಒಪ್ಪಿ ಗಿರಿಯವರಿಗೆ ಮತ ಹಾಕಿರಬಹುದು. ಇನ್ನೊಬ್ಬನು ಮುಂದಿನ ಮಂತ್ರಿಪದವಿಯನ್ನು ನೆನೆದು ಹಾಕಿರಬಹುದು. ಮತಪತ್ರದಲ್ಲಿ ಇಬ್ಬರ ಗುರುತೂ ಒಂದೇ. ರೆಡ್ಡಿಯವರ ಪಕ್ಷದಲ್ಲಿ ನಿಂತವರಿಗೂ ಇದೇ ಮಾತು ಸಲ್ಲುತ್ತದೆ.

ಇತಿಹಾಸವು ಇದಕ್ಕೆ ಒಂದು ಉತ್ತರಭಾಗವನ್ನು ಸೇರಿಸಿದೆ. ೧೯೭೭ರ ಫೆಬ್ರವರಿ ೧೧ರಂದು ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದ್ ಅವರು ನಿಧನರಾದಾಗ, ಜಮಖಂಡಿ ಸೀಮೆಯ ಸಾವಳಗಿಯವರಾದ, ಬಸವ ಸಮಿತಿಯನ್ನು ಸ್ಥಾಪಿಸಿದ ಬಿ. ಡಿ. ಜತ್ತಿಯವರು ಉಪರಾಷ್ಟ್ರಪತಿಗಳಾಗಿದ್ದುದರಿಂದ ಹಂಗಾಮಿ ರಾಷ್ಟ್ರಪತಿಗಳಾದರು. ಮಾರ್ಚ್ ತಿಂಗಳಲ್ಲಿ ಅಧಿಕಾರಕ್ಕೆ ಬಂದ ಜನತಾ ಸರ್ಕಾರವು ಒಂಬತ್ತು ರಾಜ್ಯಗಳ ವಿಧಾನಸಭೆಗಳನ್ನು ವಿಸರ್ಜಿಸಬೇಕೆಂದು ಅವರಿಗೆ ಸಲಹೆ ಮಾಡಿತು. ರಾಷ್ಟ್ರಪತಿಯವರನ್ನು ಆರಿಸಬೇಕಾದ ಮತದಾರರೇ ಆ ಶಾಸಕರು ಎಂಬುದನ್ನು ನೆನೆದರೆ ಸಂಗತಿಯ ಗುರುತ್ವ ತಿಳಿಯುತ್ತದೆ. ಜತ್ತಿಯವರು ತಕ್ಷಣ ಸಹಿ ಮಾಡಲಿಲ್ಲ, ತಡೆದು ವಿಚಾರಿಸಿದರು. ಆದರೆ ಹಿಂದಿನ ವರ್ಷವಷ್ಟೇ ೪೨ನೆಯ ತಿದ್ದುಪಡಿಯು ಮಂತ್ರಿಮಂಡಲದ ಸಲಹೆಯಂತೆ ರಾಷ್ಟ್ರಪತಿಯವರು ನಡೆಯತಕ್ಕದ್ದೆಂದು ವಿಧಿಸಿತ್ತು. ಏಪ್ರಿಲ್ ೩೦ರಂದು ಅವರು ಸಹಿ ಮಾಡಿದರು. ತನ್ನ ಮನಸ್ಸಿನಲ್ಲಿದ್ದ ಸಂದೇಹವನ್ನು ತಡೆದು ನಿಂತು ತೋರಿಸಿದುದೂ, ಕೊನೆಗೆ ತನ್ನ ಮನಸ್ಸನ್ನು ಪೀಠದ ಮೇಲಿರಿಸದೆ ಪೀಠದ ಧರ್ಮಕ್ಕೆ ಬಾಗಿದುದೂ ಎರಡೂ ಚಿಂತನಾರ್ಹ. ಅದೇ ಜುಲೈನಲ್ಲಿ ಸಂಜೀವರೆಡ್ಡಿಯವರು ಅವಿರೋಧವಾಗಿ ರಾಷ್ಟ್ರಪತಿಗಳಾದರು. ಎಂಟು ವರ್ಷಗಳ ಹಿಂದೆ ಅಂತಃಸಾಕ್ಷಿಯ ಹೆಸರಿನಲ್ಲಿ ಸೋತವರನ್ನು ಈಗ ಒಂದು ಮತವೂ ಬೀಳದೆ ಎಲ್ಲರೂ ಒಪ್ಪಿದರು.

ಹಾಗಾದರೆ ಅಂತಃಸಾಕ್ಷಿಯೆಂದರೇನು? ಶಬ್ದವೇ ದಾರಿ ತೋರಿಸುತ್ತದೆ. ಅದು ಸಾಕ್ಷಿ, ಒಡೆಯನಲ್ಲ, ವಾದಿಯೂ ಅಲ್ಲ. ನ್ಯಾಯಸ್ಥಾನದಲ್ಲಿ ಸಾಕ್ಷಿಯಾದವನು ತನಗೆ ಇಷ್ಟವಾದುದನ್ನು ಹೇಳುವುದಿಲ್ಲ, ಕಂಡುದನ್ನು ಹೇಳುತ್ತಾನೆ. ವ್ಯಾಜ್ಯದಲ್ಲಿ ಅವನಿಗೆ ಪಾಲು ಇರಕೂಡದು. ಯಾವ ನಿರ್ಣಯದಿಂದ ನಮಗೆ ಲಾಭವುಂಟೋ ಆ ನಿರ್ಣಯಕ್ಕೆ ನಮ್ಮ ಅಂತಃಸಾಕ್ಷಿಯನ್ನು ಕರೆತರುವಾಗ ಎರಡು ಬಾರಿ ಯೋಚಿಸಬೇಕು. ಇಂಗ್ಲೆಂಡಿನ ಎಡ್ಮಂಡ್ ಬರ್ಕನು ೧೭೭೪ರಲ್ಲಿ ಬ್ರಿಸ್ಟಲ್ಲಿನ ಮತದಾರರೆದುರು, ಪ್ರತಿನಿಧಿಯು ತನ್ನ ವಿವೇಕವನ್ನು ಅವರ ಅಪ್ಪಣೆಗೆ ಒತ್ತೆಯಿಡಲಾಗದೆಂದು ವಾದಿಸಿದನು. ಆರು ವರ್ಷಗಳ ಬಳಿಕ ಆ ಕ್ಷೇತ್ರವೇ ಅವನ ಕೈಬಿಟ್ಟಿತು. ಅವನ ವಾದಕ್ಕೆ ತೂಕ ಬಂದುದು ಅದರ ಬೆಲೆಯನ್ನು ಅವನು ತೆತ್ತುದರಿಂದ.

ಮಠಗಳಲ್ಲಿ ಇರುವವರಿಗೆ ಇದು ದಿನನಿತ್ಯದ ಪಾಠ. ಭಕ್ತರು ತಂದು ಸುರಿದ ಅಕ್ಕಿ, ಜೋಳ ಕಣಜದಲ್ಲಿರುತ್ತವೆ. ಯಾರು ಎಷ್ಟು ತಂದರೆಂದು ಅನ್ನ ಬಡಿಸುವಾಗ ಯಾರೂ ಕೇಳುವುದಿಲ್ಲ. ಸ್ವಾಮಿಗಳು ಹೇಗೆ ವ್ಯಯಿಸಿದರೆಂದು ತಂದವನು ಬಂದು ಅಳೆದು ನೋಡುವುದೂ ಇಲ್ಲ. ಕೇಳುವವರಿಲ್ಲವೆಂದು ಕಣಜವು ಸ್ವಾಮಿಗಳದಾಗುವುದೆ? ಕೇಳುವವರಿಲ್ಲದಿರುವುದರಿಂದಲೇ ಅಲ್ಲಿ ಇನ್ನಷ್ಟು ಎಚ್ಚರ ಬೇಕು. ದಾಸೋಹವೆಂಬ ತತ್ತ್ವದ ತಿರುಳು ಇದೇ: ಬಂದುದು ನನಗಾಗಿ ಬಂದುದಲ್ಲ, ನನ್ನ ಮೂಲಕ ಹೋಗಬೇಕಾದುದು. ತುಳುನಾಡಿನವರು ಇದನ್ನು ಬೇರೊಂದು ಬಗೆಯಲ್ಲಿ ಬಲ್ಲರು. ನೇಮದಲ್ಲಿ ಅಣಿ ಕಟ್ಟಿ ನಿಂತವನು ನುಡಿ ಕೊಡುವಾಗ ಅದು ಅವನ ಸ್ವಂತ ಮಾತೆಂದು ಯಾರೂ ಭಾವಿಸುವುದಿಲ್ಲ. ತನ್ನ ಮನೆಯ ಜಗಳವನ್ನು ಅವನು ಆ ನುಡಿಯಲ್ಲಿ ಸೇರಿಸಿದರೆ ಅದು ಅಪಚಾರ. ಇಷ್ಟಲಿಂಗನಿಷ್ಠರ ಉಪಾಸನಾಮಾರ್ಗ ಬೇರೆ. ಆದರೂ ಪರರ ಪರವಾಗಿ ನುಡಿಯುವವನು ತನ್ನತನವನ್ನು ಒತ್ತಟ್ಟಿಗಿಡಬೇಕೆಂಬ ನೀತಿಯಲ್ಲಿ ಭೇದವಿಲ್ಲ. ಮತದ ರಹಸ್ಯವನ್ನು ಕಾನೂನು ಕೊಟ್ಟಿರುವುದು ಭಯದಿಂದಲೂ ಬಲಾತ್ಕಾರದಿಂದಲೂ ರಕ್ಷಿಸುವುದಕ್ಕೆ. ಹೊಣೆಯಿಂದ ಬಿಡುಗಡೆ ಕೊಡುವುದಕ್ಕಲ್ಲ.

ದೆಹಲಿಯ ಮಾತು ದೂರದ್ದೆಂದು ತೋರಬಹುದು. ಆದರೆ ಪರೋಕ್ಷ ಚುನಾವಣೆಯು ಪ್ರತಿ ಗ್ರಾಮದಲ್ಲಿಯೂ ನಡೆಯುತ್ತಿದೆ. ಗ್ರಾಮ ಪಂಚಾಯತಿಯ ಸದಸ್ಯರನ್ನು ನಾವು ಆರಿಸುತ್ತೇವೆ. ಅಧ್ಯಕ್ಷರನ್ನು ಆರಿಸುವವರು ಆ ಸದಸ್ಯರು. ವಿಧಾನ ಪರಿಷತ್ತಿಗೆ ಸ್ಥಳೀಯ ಸಂಸ್ಥೆಗಳ ಕ್ಷೇತ್ರದಿಂದ ಹೋಗುವವರಿಗೆ ಮತ ನೀಡುವವರೂ ಅವರೇ. ಸಹಕಾರ ಸಂಘಗಳಲ್ಲಿಯೂ ಇದೇ ಕ್ರಮ. ಪುತ್ತೂರಿನಲ್ಲಿ ೧೯೦೯ರಲ್ಲಿಯೇ ಮೊಳಹಳ್ಳಿ ಶಿವರಾಯರು ಸಹಕಾರ ಸಂಘಕ್ಕೆ ನೆಲೆಗಟ್ಟು ಹಾಕಿದರು. ೧೯೭೩ರಲ್ಲಿ ವಾರಣಾಶಿ ಸುಬ್ರಾಯ ಭಟ್ಟರ ಮುಂದಾಳುತನದಲ್ಲಿ ಅಡಿಕೆ ಬೆಳೆಗಾರರು ಕ್ಯಾಂಪ್ಕೊ ಸಂಸ್ಥೆಯನ್ನು ಕಟ್ಟಿಕೊಂಡರು. ಸದಸ್ಯರು ನಿರ್ದೇಶಕರನ್ನು, ನಿರ್ದೇಶಕರು ಅಧ್ಯಕ್ಷರನ್ನು ಆರಿಸುವ ಪದ್ಧತಿಯು ಆ ಸೀಮೆಯ ಕೃಷಿಕನಿಗೆ ರಾಷ್ಟ್ರಪತಿ ಭವನಕ್ಕಿಂತ ಹತ್ತಿರದ್ದು. ತನ್ನ ಅಡಿಕೆಯ ಬೆಲೆ ಆ ಎರಡನೆಯ ಆಯ್ಕೆಯ ವಿವೇಕವನ್ನು ಅವಲಂಬಿಸಿದೆಯೆಂಬುದು ಅವನಿಗೆ ಯಾರೂ ಕಲಿಸಬೇಕಾದ ಪಾಠವಲ್ಲ.

ಆದರೆ ಈ ಸಣ್ಣ ಸಭೆಗಳಲ್ಲಿಯೇ ನ್ಯಾಸಕ್ಕೆ ಹೆಚ್ಚಿನ ಅಪಾಯವುಂಟು. ನಮ್ಮ ರಾಜ್ಯದಲ್ಲಿ ಅಧ್ಯಕ್ಷರ ಆಯ್ಕೆಯ ಮುನ್ನಾದಿನಗಳಲ್ಲಿ ಸದಸ್ಯರನ್ನು ಗುಂಪಾಗಿ ಪ್ರವಾಸಕ್ಕೆ ಕರೆದೊಯ್ದು, ದೂರದ ರೆಸಾರ್ಟುಗಳಲ್ಲಿ ಇರಿಸಿ, ಮತದಾನದ ಹೊತ್ತಿಗೆ ತಂದು ಇಳಿಸುವ ವಾರ್ತೆಗಳನ್ನು ಓದುತ್ತೇವೆ. ಹದಿನೈದು ಜನರ ಸಭೆಯಲ್ಲಿ ಎಂಟು ಜನರನ್ನು ಕೊಂಡರೆ ಸಾಕು. ಇಡೀ ಗ್ರಾಮವನ್ನು ಕೊಳ್ಳಬೇಕಾಗಿಲ್ಲ. ಪರೋಕ್ಷ ಪದ್ಧತಿಯ ನಿಜವಾದ ದೌರ್ಬಲ್ಯ ಇದು. ಇದನ್ನು ಮುಚ್ಚಿಡುವುದು ಸತ್ಯಕ್ಕೆ ಅಪಚಾರ. ಮಾರಿಕೊಂಡ ಸದಸ್ಯನು ತನ್ನ ವಸ್ತುವನ್ನು ಮಾರಿದವನಲ್ಲ, ಕಾಯಲು ಕೊಟ್ಟ ವಸ್ತುವನ್ನು ಮಾರಿದವನು. ಲೋಕವು ಇದಕ್ಕೆ ಯಾವ ಹೆಸರನ್ನು ಕೊಡುತ್ತದೆಂಬುದನ್ನು ನಾವು ಹೇಳಬೇಕಾಗಿಲ್ಲ.

ಇಷ್ಟಾದರೂ ದೋಷವೆಲ್ಲ ಹಿಡಿದವನದೇ ಎಂದು ಕೊಟ್ಟವನು ಕೈತೊಳೆದುಕೊಳ್ಳಲು ಬರುವುದಿಲ್ಲ. ಮತಕ್ಕೆ ಹಣ ಪಡೆದವನು ನ್ಯಾಸವಾಗಿ ಏನನ್ನು ಕೊಟ್ಟಂತಾಯಿತು? ಬೆಲೆ ಕೊಟ್ಟು ಕೊಂಡವನು 'ಇದು ನನ್ನದು, ನನಗೆ ಬೇಕಾದಂತೆ ಬಳಸುತ್ತೇನೆ' ಎಂದರೆ ಅವನಿಗೆ ಏನೆಂದು ಉತ್ತರಿಸುವುದು? ಮೊದಲ ಕೈ ಶುದ್ಧವಾಗಿದ್ದರೆ ಎರಡನೆಯ ಕೈಯನ್ನು ಪ್ರಶ್ನಿಸುವ ಅಧಿಕಾರ ಉಳಿಯುತ್ತದೆ. ಜಾತಿಯನ್ನು ನೋಡಿ, ಹಣವನ್ನು ನೋಡಿ ಮತ ಕೊಟ್ಟು, ರಾಷ್ಟ್ರದ ಅತ್ಯುನ್ನತ ಪೀಠದ ಆಯ್ಕೆಯಲ್ಲಿ ಮಾತ್ರ ನಮ್ಮ ಪ್ರತಿನಿಧಿಯು ನಿರ್ಮಲ ಅಂತಃಸಾಕ್ಷಿಯಿಂದ ನಡೆಯಲೆಂದು ಬಯಸುವುದು ಬೇವು ಬಿತ್ತಿ ಮಾವು ಹಂಬಲಿಸಿದಂತೆ.

ಆದಕಾರಣ ಆ ಕೃಷಿಕರಿಗೂ, ಅವರಂತೆ ಯೋಚಿಸುವ ಸಕಲ ಬಾಂಧವರಿಗೂ ನಾವು ಹೇಳುವುದಿಷ್ಟು. ರಾಷ್ಟ್ರಪತಿಯವರು ನಿಮ್ಮವರು, ನಿಮ್ಮ ಪಾಲು ಆ ಆಯ್ಕೆಯಲ್ಲಿ ಸೇರಿದೆ. ಮುಂದಿನ ಬಾರಿ ಶಾಸಕ ಸ್ಥಾನದ ಅಭ್ಯರ್ಥಿಯು ನಿಮ್ಮ ಅಂಗಳಕ್ಕೆ ಬಂದಾಗ ರಸ್ತೆ, ಸೇತುವೆಗಳ ಮಾತಿನೊಂದಿಗೆ ಇನ್ನೊಂದನ್ನೂ ವಿಚಾರಿಸಿರಿ: ಯಾರೂ ಕಾಣದ ಕಡೆಯಲ್ಲಿ ನಮ್ಮ ವಸ್ತುವನ್ನು ಇವನ ಕೈಯಲ್ಲಿ ಇರಿಸಬಹುದೆ? ಪಂಚಾಯತಿಯ ಸದಸ್ಯನನ್ನು ಆರಿಸುವಾಗಲೂ, ಸಂಘದ ನಿರ್ದೇಶಕನನ್ನು ಆರಿಸುವಾಗಲೂ ಅದೇ ಪ್ರಶ್ನೆಯಿರಲಿ. ಮತಪೆಟ್ಟಿಗೆಯ ಮುಂದೆ ಒಬ್ಬನೇ ನಿಂತಾಗ ಅವನನ್ನು ನೋಡುವ ಕಣ್ಣು ಒಳಗಿನದೊಂದೇ. ಆ ಕಣ್ಣು ತೆರೆದಿರುವವನನ್ನು ಗುರುತಿಸುವುದು ಮತದಾರನ ಕರ್ತವ್ಯ. ಅದನ್ನು ತೆರೆದಿಟ್ಟುಕೊಳ್ಳುವುದು ಪ್ರತಿನಿಧಿಯ ವ್ರತ. ಈ ಎರಡೂ ನಮ್ಮ ನಾಡಿನಲ್ಲಿ ಕೂಡಿಬರಲಿ, ಸರ್ವರಿಗೂ ಸನ್ಮಂಗಳವಾಗಲಿ.